ಅಮಲ್ದಾರರು ಚಾಪೆ ಮೇಲೆ ಕೂತದ್ದು

ಕಚೇರಿ ಮುಂದೆ ಚಾಪೆ ಹಾಸಿಕೊಂಡು ಬುಟ್ಟಿ ಹೆಣೆಯುತ್ತಿದ್ದ ಮೇದರ ತಿಪ್ಪವ್ವನಿಗೆ ಚಿಕ್ಕಂದಿನ ಜ್ವರದಲ್ಲಿ ಎರಡೂ ಕಾಲು ಸ್ವಾಧೀನ ತಪ್ಪಿದ್ದವು. ಹೊಸ ಅಮಲ್ದಾರರು ಬಂದಾಗ ಎಲ್ಲರೂ ಎದ್ದು ನಿಂತರು. ಅವಳೊಬ್ಬಳು ಏಳಲಿಲ್ಲ; ಕಾಲು ಸ್ವಾಧೀನದಲ್ಲಿಲ್ಲ ಬುದ್ಧಿ ಎಂದಳು.

"ಇದೆಲ್ಲ ನಾಟಕ. ಏಳು, ಇಲ್ಲದಿದ್ದರೆ ಈ ಜಾಗ ಖಾಲಿ ಮಾಡು," ಎಂದರು ಅಮಲ್ದಾರರು.

ಜಾಗ ಹೋದರೆ ಹೊಟ್ಟೆಪಾಡೂ ಹೋಯಿತು. ಆದರೆ ಇವರು ಮಾತು ನಂಬುವ ಆಸಾಮಿಯಲ್ಲ ಎಂದು ತಿಪ್ಪವ್ವನಿಗೆ ಗೊತ್ತಾಯಿತು.

"ನಿಮ್ಮ ಅನುಮಾನ ಸರಿ ಬುದ್ಧಿ. ಯಾರೂ ನೋಡದಾಗ ನಾನು ಎದ್ದು ಓಡಾಡಿದರೂ ಓಡಾಡಬಹುದು. ಇಲ್ಲೇ ಚಕ್ಕಳಮಕ್ಕಳ ಹಾಕಿ ಕೂತು ನೋಡ್ತಾ ಇರಿ. ಮಿಸುಕದೆ ಕೂತರೆ ನೀವಿರೋದು ಮರೆತು ನಾನು ಎದ್ದರೂ ಏಳ್ತೀನಿ; ಸ್ವಲ್ಪ ಮಿಸುಕಿದರೂ ಎಚ್ಚೆತ್ತುಕೊಂಡುಬಿಡ್ತೀನಿ."

ಅಮಲ್ದಾರರು ಬಿಗಿ ಷರಾಯಿಯಲ್ಲೇ ಚಾಪೆ ಮೇಲೆ ಕೂತರು. ಅವಳ ಕಾಲಿನಿಂದ ಕಣ್ಣು ಕೀಳಲಿಲ್ಲ. ತಿಪ್ಪವ್ವ ನಿಧಾನವಾಗಿ ಒಂದು ಬುಟ್ಟಿ ಮುಗಿಸಿ ಇನ್ನೊಂದು ಶುರು ಮಾಡಿದಳು. ಬಿಸಿಲು ನೆತ್ತಿಗೇರಿತು. ಕೊನೆಗೆ ಅವರು ಏಳಹೋದರು. ಕಾಲು ಬರಲಿಲ್ಲ, ಧೊಪ್ಪನೆ ಕೂತರು. ಸುತ್ತ ನಿಂತವರು ಬಾಯಿಗೆ ಟವೆಲ್ಲು ಅಡ್ಡ ಹಿಡಿದರು.

"ನೋಡೋಕೆ ಕಾಲು ಗಟ್ಟಿಯಾಗೇ ಇದಾವಲ್ಲ ಬುದ್ಧಿ," ಎಂದಳು ತಿಪ್ಪವ್ವ.

"ಜೋಮು ಹಿಡಿದಿದೆ. ನಿಜವಾಗಿಯೂ ಏಳೋಕಾಗ್ತಿಲ್ಲ," ಎಂದು ಅಮಲ್ದಾರರು ಮೆಲ್ಲಗೆ ಹೇಳಿದರು.

"ನಾನು ನಂಬ್ತೀನಿ ಬುದ್ಧಿ," ಎಂದು ಅವಳು ಜವಾನನನ್ನು ಕೂಗಿ ಅವರನ್ನು ಎತ್ತಿಸಿದಳು.

ಜಾಗ ಖಾಲಿ ಮಾಡಿಸುವ ಮಾತು ಮತ್ತೆ ಏಳಲೇ ಇಲ್ಲ.