ಸುಳಿಯ ಮೆಟ್ಟಿಲ ಕಲ್ಲು

ನದಿಯ ದಡದಲ್ಲಿ ಕಲ್ಲಿನಾಥರ ಆಶ್ರಮವಿತ್ತು. ಅಲ್ಲಿ ಕಲಿಸುತ್ತಿದ್ದದ್ದು ಒಂದೇ ವಿದ್ಯೆ, ಕಲ್ಲಿನಲ್ಲಿ ಅಕ್ಷರ ಕೊರೆಯುವುದು. ಗುರುಗಳು ಒಪ್ಪುವ ತನಕ ಯಾವ ಶಿಷ್ಯನೂ ಹೊರಗಿನ ಕೆಲಸಕ್ಕೆ ಹೋಗುವಂತಿರಲಿಲ್ಲ.

ಶಿಷ್ಯ ಸೋವಣ್ಣನಿಗೆ ಅರಮನೆಯಿಂದ ಕರೆ ಬಂದಿತ್ತು. ಹೊಸ ಕೋಟೆಬಾಗಿಲಿಗೆ ಶಾಸನ ಕೊರೆಯಬೇಕಂತೆ. ಅವನಿಗೆ ಹೊರಡುವ ಆತುರ.

"ಹೋಗುವೆಯಂತೆ," ಎಂದರು ಗುರುಗಳು. "ಮೊದಲು ಸ್ನಾನಘಟ್ಟಕ್ಕೊಂದು ಕಲ್ಲು ಮಾಡಿಕೊಡು. ಕೊನೆಯ ಮೆಟ್ಟಿಲ ಬಳಿ ಸುಳಿಯಿದೆ. ಹೊಸಬರಿಗೆ ಗೊತ್ತಾಗುವುದಿಲ್ಲ."

ಸೋವಣ್ಣ ಜೀವ ತೇದು ಕೊರೆದ. ಮುತ್ತು ಪೋಣಿಸಿದಂಥ ಸಣ್ಣ ಅಕ್ಷರ, ಸುತ್ತಲೂ ಬಳ್ಳಿ, ಬಳ್ಳಿಯಲ್ಲಿ ಗಿಳಿ. ಸುಳಿ ಇರುವಲ್ಲೇ, ಕೊನೆಯ ಮೆಟ್ಟಿಲ ಪಕ್ಕದಲ್ಲಿ ಕಲ್ಲನ್ನು ನಿಲ್ಲಿಸಿದ. ನೋಡಿದವರೆಲ್ಲ ಹೊಗಳಿದರು. ಸೋವಣ್ಣನಿಗೆ ಆಕಾಶಕ್ಕೆ ಮೂರೇ ಗೇಣು.

"ಇನ್ನು ಹೊರಡಲೇ, ಗುರುಗಳೇ?"

"ನಾಳೆ ಒಂದು ದಿನ ಅಲ್ಲೇ ಕೂತು ನೋಡು."

ಮರುದಿನ ಯಾತ್ರೆಗೆ ಬಂದ ಹೆಂಗಸೊಬ್ಬಳು ಮೇಲಿನಿಂದಲೇ ಕಲ್ಲನ್ನು ಕಂಡಳು. ಮೆಟ್ಟಿಲಿಳಿದು ಹತ್ತಿರ ಬಂದಳು. ಬಗ್ಗಿದಳು. ಪಾಚಿಯ ಮೇಲೆ ಕಾಲು ಜಾರಿತು.

ಸೋವಣ್ಣ ನೀರಿಗೆ ಹಾರಿದ. ಅವಳ ಸೆರಗು ಕೈಗೆ ಸಿಕ್ಕಿದ್ದೇ ಪುಣ್ಯ.

ದಡದಲ್ಲಿ ಉಸಿರು ತಿರುಗಿದ ಮೇಲೆ ಅವಳು ಕೇಳಿದಳು: "ಅಲ್ಲೇನು ಬರ್ದೈತಪ್ಪಾ? ಅದನ್ನ ಓದಾಕಂತಲೇ ಇಳಿದೆ."

ಸೋವಣ್ಣ ನಾಚಿಕೆಯಿಂದ, ಒದ್ದೆ ಪಂಚೆಯಲ್ಲೇ ಆಶ್ರಮಕ್ಕೆ ಓಡಿದ. ಗುರುಗಳ ಕಾಲಿಗೆ ಬಿದ್ದು ಅತ್ತ. "ನನ್ನ ಕಲ್ಲೇ ಅವಳನ್ನು ಸುಳಿಗೆ ಕರೆಯಿತು!"

"ಅತ್ತದ್ದು ಸಾಕು. ಉಳಿ ಎಲ್ಲಿ?"

ಆ ಕಲ್ಲನ್ನು ಅವನೇ ಒಡೆದ. ಅರಮನೆಗೆ ಈಗ ಬರಲಾರೆ ಎಂದು ಹೇಳಿ ಕಳಿಸಿದ. ಹೊಸ ಕಲ್ಲನ್ನು ಘಟ್ಟದ ಮೇಲ್ತುದಿಯಲ್ಲಿ, ಮೆಟ್ಟಿಲು ಶುರುವಾಗುವಲ್ಲಿ ನಿಲ್ಲಿಸಿದ.

ಗುರುಗಳು ಅವನ ತಲೆಯ ಮೇಲೆ ಸೌದೆ ಹೊರೆ ಇಟ್ಟರು. "ದೂರದಿಂದ ಓಡಿ ಬಾ. ಓಡುತ್ತಲೇ ಓದು."

"ಬಿಸಿಲು ಕಣ್ಣಿಗೆ ಹೊಡೆಯುತ್ತದೆ, ಗುರುಗಳೇ."

"ಬರುವವರಿಗೂ ಹೊಡೆಯುತ್ತದೆ."

ಸೋವಣ್ಣ ಇನ್ನೊಂದು ಕಲ್ಲು ತಂದು, ಅಕ್ಷರಗಳನ್ನು ಆಳವಾಗಿ ಕೊರೆದ. ಗುರುಗಳು ಅವನ ಕಣ್ಣಿಗೆ ತೆಳು ಬಟ್ಟೆ ಕಟ್ಟಿದರು. "ಈಗ ನೀನು ಮುದುಕ. ಓದು."

ಓದಲಾಗಲಿಲ್ಲ. ಬಳ್ಳಿ ಹೋಯಿತು, ಗಿಳಿ ಹೋಯಿತು. ಅಕ್ಷರಗಳು ದಪ್ಪವಾದವು, ನಡುವಿನ ಜಾಗ ಹಿಗ್ಗಿತು.

"ನೀನು ಅಕ್ಷರ ಕಲಿಯುತ್ತಿದ್ದೀಯೋ, ಕಲ್ಲು ಒಡೆಯುವುದನ್ನೋ?" ಎಂದು ಜೊತೆಯವರು ಛೇಡಿಸಿದರು. ಅವರಿಗೇನು, ಸುಮ್ಮನೆ ಕೂತವರು! ಸೋವಣ್ಣ ತಲೆಯೆತ್ತದೆ ಮತ್ತೆ ಸುತ್ತಿಗೆ ಬೀಸಿದ.

ಕೊನೆಗೆ ಉಳಿದದ್ದು ಇಷ್ಟೇ: ಮುಂದೆ ಸುಳಿ. ಇಳಿಯಬೇಡಿ.

ತಲೆಯ ಮೇಲೆ ಹೊರೆ, ಕಣ್ಣಿಗೆ ಬಟ್ಟೆ. ಓಡಿ ಬಂದ ಸೋವಣ್ಣನ ಕಾಲು ಕಲ್ಲಿನ ಮುಂದೆ ತಾನಾಗಿ ನಿಂತಿತು.

ಮರುದಿನ ಯಾತ್ರಿಕರು ಗುಂಪುಗುಂಪಾಗಿ ಬಂದರು. ಕಲ್ಲಿನ ಬಳಿ ನಿಂತು, ಪಕ್ಕದ ಘಟ್ಟಕ್ಕೆ ಹೊರಳಿ, ಮಿಂದು ಹೊರಟುಹೋದರು. ಒಬ್ಬರೂ ಹಿಂತಿರುಗಿ ಕಲ್ಲನ್ನು ನೋಡಲಿಲ್ಲ.

ಸಂಜೆ ಸೋವಣ್ಣ ಗುರುಗಳ ಮುಂದೆ ನಿಂತ. "ಇಡೀ ದಿನ ಅಲ್ಲೇ ಕೂತಿದ್ದೆ. ಅಕ್ಷರ ಚೆನ್ನಾಗಿದೆ ಎಂದು ಒಬ್ಬರೂ ಅನ್ನಲಿಲ್ಲ. ನನಗೆ ವಿದ್ಯೆ ಬಂತು ಎಂದು ಹೇಗೆ ತಿಳಿಯಲಿ, ಗುರುಗಳೇ?"

ಕಲ್ಲಿನಾಥರು ಅವನನ್ನು ಅಡಿಯಿಂದ ಮುಡಿಯವರೆಗೆ ನೋಡಿದರು.

"ನಿನ್ನ ಪಂಚೆ ಒಣಗಿಯೇ ಇದೆಯಲ್ಲೋ."