ಆಮ್ಲಜನಕ ಯಾರಿಗೆ ಅಪ್ಪ?

ಶಾಲೆಯ ವಿಜ್ಞಾನದ ಕೋಣೇಲಿ ಉರೀತಿದ್ದ ಮೇಣದಬತ್ತಿ ಮೇಲೆ ಒಂದು ಗಾಜಿನ ಜಾಡಿ ಬೋರಲು ಕೂತಿತ್ತು. ಅದರ ಒಂದು ಅಂಚಿನ ಕೆಳಗೆ ಸೀಮೆಸುಣ್ಣದ ತುಂಡು ಇಟ್ಟು ಎತ್ತಿದ್ರು. ಆ ಸಂದೀಲೇ ಗಾಳಿ ಒಳಗೆ ಹೋಗ್ತಿತ್ತು. ಈ ಜಾಡಿಗೋ, ಬಂದೋರ ಹೆಸರು ಕುಲ ವಿಚಾರಿಸದಿದ್ರೆ ಉಂಡಿದ್ದು ಅರಗಲ್ಲ.

"ಯಾರಯ್ಯಾ ನೀನು?"

"ಆಮ್ಲಜನಕ."

ಜಾಡಿ ಬೆಚ್ಚಿಬಿತ್ತು. "ಆಮ್ಲ ಅಂದ್ರೆ ಆಸಿಡ್ಡು, ಜನಕ ಅಂದ್ರೆ ಅಪ್ಪ. ಆಸಿಡ್ಡಿನ ಅಪ್ಪನೇ ಬಂದವ್ನೆ ಕಣೇ ತಂಗಿ, ನಿನ್ನ ಸುಟ್ಟುಬಿಡ್ತಾನೆ!" ಅಂದಿದ್ದೇ ಸೀಮೆಸುಣ್ಣದಿಂದ ಜಾರಿ, ಮೇಜಿಗೆ ಅಂಟ್ಕೊಂಡು ಕೂತ್ಬಿಡ್ತು.

ಬತ್ತಿಯ ಉರಿ ಕುಗ್ತು. "ಅಕ್ಕಾ, ಉಸಿರು ಕಟ್ತೈತೆ. ಅವನನ್ನ ಒಳಗೆ ಬಿಡು."

ಪಕ್ಕದಲ್ಲಿದ್ದ ಹೈಡ್ರೋಕ್ಲೋರಿಕ್ ಆಸಿಡ್ ಶೀಷೆಯಿಂದ ಕೂಗು ಬಂತು: "ಏ ಜಾಡಿಯಮ್ಮ, ಆಸಿಡ್ಡು ನಾನು! ನಾನು ಹುಟ್ಟಿದ್ದು ಜಲಜನಕ, ಕ್ಲೋರಿನ್ ಸೇರಿ, ಇವನಿಂದಲ್ಲ. ಎಲ್ಲಾ ಆಮ್ಲಕ್ಕೂ ಇವನೇ ಅಪ್ಪ ಅಂತ ಹಿಂದಿನೋರು ತಪ್ಪು ತಿಳ್ಕೊಂಡು ಆ ಹೆಸರಿಟ್ರು. ತಪ್ಪು ಗೊತ್ತಾದ್ಮೇಲೂ ಹೆಸರು ಹಂಗೇ ಉಳ್ಕೊಂತು. ಬೇಗ ಮೇಲೇಳು, ಅವಳು ಸಾಯ್ತಾಳೆ!"

"ಅಪ್ಪನ ಮಾನ ಉಳಿಸೋಕೆ ಮಗ ಇನ್ನೇನು ಹೇಳ್ತಾನೆ!" ಅಂತ ಜಾಡಿ ಮೂತಿ ತಿರುವ್ತು.

"ಅಕ್ಕಾ..." ಅಂತು ಬತ್ತಿ. ಉರಿ ಕಡ್ಲೆಕಾಳಿನಷ್ಟಾಗಿ, ನೀಲಿಯಾಗಿ, ಆರಿಹೋಯ್ತು.

ಜಾಡಿ ಹೊಟ್ಟೆ ತುಂಬ ಹೊಗೆ. ಆದ್ರೂ ಬೀಗ್ತಾ ಹೇಳ್ತು: "ನೋಡಿದ್ಯಾ ತಂಗಿ, ಒಂದು ತೊಟ್ಟು ಆಸಿಡ್ಡೂ ನಿನ್ನ ಮೇಲೆ ಬೀಳದಂಗೆ ಕಾಪಾಡ್ದೆ."