ಫಕೀರವ್ವ ಕಾದ ಬಾಗಿಲು

ಬಹಳ ಹಿಂದೆ, ನಮ್ಮಜ್ಜಿಯ ಅಜ್ಜಿಗೂ ಹಲ್ಲು ಮೂಡಿರದ ಕಾಲದಲ್ಲಿ, ಹಳ್ಳದ ದಂಡೆಯ ಒಂದೂರಲ್ಲಿ ಫಕೀರವ್ವ ಅಂತ ಒಬ್ಬಳಿದ್ದಳಂತೆ. ನೆಲದೊಳಗೆ ಜೋಳ ತುಂಬಿಡುವ ಹಗೇವುಗಳ ಬಾಯಿ ಮುಚ್ಚುವುದು ಅವಳ ಕೆಲಸ. ಅವಳು ಮಣ್ಣು ಮೆತ್ತಿದರೆ ಗಾಳಿಯೂ ನುಸುಳದು ಅನ್ನುತ್ತಿದ್ದರಂತೆ. ಆದರೆ ಒಂದು ವರ್ಷ ಮಳೆನೀರು ನುಸುಳಿತು. ಊರಿನ ಬೀಜದ ಜೋಳವೆಲ್ಲ ಕೊಳೆತು ನಾರಿತು. ಯಾರೂ ಬೈಯಲಿಲ್ಲವಂತೆ. ಬೈದಿದ್ದರೇ ಚೆನ್ನಾಗಿತ್ತು, ಪಾಪ, ಒಳಗೊಳಗೇ ಸೊರಗಿದಳು.

ಮರುವರ್ಷ ಮಣ್ಣು ತರಲು ದಂಡೆಗೆ ಹೋದಾಗ, ಪಾಚಿಯ ನಡುವೆ ಬಿಲ್ಲೆಯಷ್ಟು ಅಗಲದ ಮುಚ್ಚಳವೊಂದು ಕಂಡಿತಂತೆ. ಕಡ್ಡಿಯಿಂದ ಎತ್ತಿದರೆ ಒಳಗಿಂದ ಯಾರೋ ಹಿಡಿದೆಳೆದರು. ಬಾಗಿಲ ಜೇಡ, ಬಿಲಕ್ಕೆ ತಾನೇ ಮುಚ್ಚಳ ನೇಯ್ದು ಒಳಗಿರುವಂಥದ್ದು! ಹಿಂದಿನ ದಿನವಷ್ಟೇ ಮಳೆ ಸುರಿದಿತ್ತು. ಇದರ ಮನೆಗೆ ನೀರು ಹೋಗಿಲ್ಲವೇ? ನೋಡುವ ಆಸೆ ತಡೆಯದೆ ಜೋರಾಗಿ ಮೀಟಿದಳು. ಮುಚ್ಚಳ ಕಿತ್ತು ಕೈಗೇ ಬಂತು. ಅದು ಬಿರಡೆಯ ಹಾಗೆ ಕೆಳಗೆ ಹೋದಂತೆ ಸಣ್ಣದಾಗಿತ್ತು, ಮಣ್ಣಿನ ತುಂಬ ನೂಲು ಸೇರಿತ್ತು. ಬಿಲ ಒಣಗಿಯೇ ಇತ್ತು. ಒಳಗೆ ಮೊಟ್ಟೆಯ ಚೀಲ, ಅದರ ಪಕ್ಕ ಮುದುಡಿ ಕೂತ ತಾಯಿ.

ಅಷ್ಟರಲ್ಲಿ ಇರುವೆಗಳು ಸಾಲುಗಟ್ಟಿ ಬಂದವು. ಫಕೀರವ್ವ ಮಣ್ಣಿನ ಪುಟ್ಟಿ ಬದಿಗಿಟ್ಟು, ಕಡ್ಡಿ ಹಿಡಿದು ಇರುವೆ ಓಡಿಸುತ್ತ ಕೂತೇಬಿಟ್ಟಳಂತೆ. ಮೋಡ ಕವಿಯಿತು. ಊರಿನ ಹಗೇವು ಇನ್ನೂ ಬಾಯಿ ತೆರೆದೇ ಇತ್ತು.

ಹೆಂಗಸರು ಓಡೋಡಿ ಬಂದರಂತೆ. ನೆರೆಮನೆಯ ಗೌರವ್ವ ರೇಗಿದಳು: "ಏನ್ ಫಕೀರಕ್ಕ, ಊರ ಬೀಜ ಹೆಚ್ಚೋ, ಈ ಹುಳಾ ಹೆಚ್ಚೋ?"

"ಬಾಗಿಲಾ ಕಿತ್ತಾಕಿ ನಾನವ್ವಾ. ಆಕಿ ಮತ್ತ ಕಟ್ಟಿಕೊಳ್ಳೂತನಕ ಹ್ಯಾಂಗ ಏಳಲಿ? ತಗೋ, ಈ ಮುಚ್ಚಳ ನೋಡು. ಬರೇ ಮ್ಯಾಲೆ ಮೆತ್ತಬ್ಯಾಡ್ರಿ, ಬಿರಡಿ ಹಾಂಗ ಒಳಗ ಇಳೀಬೇಕು. ಮಣ್ಣಿಗೆ ಪುಂಡಿನಾರು ಕಲಸ್ರಿ."

ಗೊಣಗುತ್ತಲೇ ಹೋಗಿ ಎಲ್ಲರೂ ಮಣ್ಣು ತುಳಿದರಂತೆ, ಅವಳು ಹೇಳಿದಂತೆಯೇ ಹಗೇವು ಮುಚ್ಚಿದರಂತೆ. ಫಕೀರವ್ವ ಏಳಲಿಲ್ಲ. ವಾರಗಟ್ಟಲೆ ಕೂತಳು ಅನ್ನುತ್ತಾರೆ. ಅಷ್ಟೆಲ್ಲ ಇರಲಿಕ್ಕಿಲ್ಲ, ಹೇಳುವವರ ಬಾಯಿಗೆ ಬೀಗವೆಲ್ಲಿ? ಮಳೆ ಬಂದಾಗ ಮಾತ್ರ ಸೆರಗನ್ನೇ ಸೂರು ಮಾಡಿದಳಂತೆ. ಆ ಸೂರಿನಡಿ ತಾಯಿಜೇಡ ಮೇಲೆ ಬಂದು, ನೂಲಿಗೆ ಮಣ್ಣು ಸೇರಿಸಿ ಹೊಸ ಬಾಗಿಲು ನೇಯ್ದಿತಂತೆ. ಫಕೀರವ್ವ ಬೆರಳ ತುದಿಯಿಂದ ಮೆಲ್ಲಗೆ ಎತ್ತಿ ನೋಡಿದಳು. ಒಳಗಿಂದ ಬಿಗಿಯಾಗಿ ಎಳೆಯಿತು. ಆಗ ಅತ್ತಳಂತೆ, ಸಂತೋಷಕ್ಕೆ.

ಬಿತ್ತನೆಗೆ ಹಗೇವು ತೆಗೆದಾಗ ಜೋಳ ಗಲಗಲ ಅನ್ನುತ್ತಿತ್ತಂತೆ.

ಇವತ್ತಿಗೂ ಆ ಊರಲ್ಲಿ ಮಣ್ಣಿಗೆ ಹೋದ ಹೆಂಗಸರು ಸಲಿಕೆ ಹಾಕುವ ಮೊದಲು ಪಾಚಿಯನ್ನು ಬೆರಳಿನಿಂದ ಮೆಲ್ಲಗೆ ಎತ್ತಿ ನೋಡುತ್ತಾರೆ. ಒಳಗಿಂದ ಎಳೆದರೆ, "ತಡಿಯವ್ವಾ, ಫಕೀರವ್ವ ಒಳಗದಾಳ" ಎಂದು ಬೇರೆ ಕಡೆ ಅಗೆಯುತ್ತಾರೆ.